ಇಯಾನ್ ಆಂಡರ್ಸನ್: ಫ್ಲೂಟ್ ಒಳಗಿನ ಆ ಗುರುಗುಟ್ಟುವ ದನಿ, 'ಬೂರೇ' ಬೆರಳುಗಳು, ಮತ್ತು ಮಿಕ್ಕ ಜೆಥ್ರೋ ಟಲ್ ವಿಚಾರ

ರಂಧ್ರಾನ್ವೇಷಿ
ಎರಡು ಪ್ರಶ್ನೆ. ಒಂದು, ಫ್ಲೂಟ್ ಊದುತ್ತಿರುವಾಗಲೇ ಗಂಟಲಿಂದ ಏಳುವ ಆ ಒರಟು ದನಿಯನ್ನು ಜೆಥ್ರೋ ಟಲ್ ಎಂಬ ಬ್ರಿಟಿಷ್ ರಾಕ್ ತಂಡದ ಗಾಯಕ, ಫ್ಲೂಟ್ ವಾದಕ ಇಯಾನ್ ಆಂಡರ್ಸನ್ ಹೇಗೆ ತರುತ್ತಾರೆ? ಮುಚ್ಚಿದ ಕೀಗಳ, ಸಿ ಫುಟ್ (ಕೆಳಗೆ ಸಿ ಸ್ವರದ ತನಕ ಮಾತ್ರ ಇಳಿಯುವ ತುದಿಭಾಗ) ಇರುವ ಸಾಮಾನ್ಯ ಸ್ಟೂಡೆಂಟ್ ಫ್ಲೂಟ್‌ನಲ್ಲಿ ಅದು ಸಾಧ್ಯವೇ? ಎರಡು, ಟಲ್ 1969ರಲ್ಲಿ ನುಡಿಸಿದ 'ಬೂರೇ' ನುಡಿಸಬೇಕಾದರೆ ಎಲ್ಲಿಂದ ಹಿಡಿಯಬೇಕು? ಅವರು ಒಂಟಿಕಾಲಲ್ಲಿ ನಿಂತು ಊದುವ ಫೋಟೋ ಯಾರೂ ಹಾಕಬೇಡಿ, ನೋಡಿ ಸಾಕಾಗಿದೆ.

ಮಂದ್ರಸ್ಥಾಯಿ
ಧಾರಾಳವಾಗಿ ಸಾಧ್ಯ. ಆ ನಾದಕ್ಕೂ ಫ್ಲೂಟ್‌ನ ಬೆಲೆಗೂ ಸಂಬಂಧವೇ ಇಲ್ಲ. ಆಂಡರ್ಸನ್ 1967ರಲ್ಲಿ ಶುರು ಮಾಡಿದ್ದೇ ಸೆಲ್ಮರ್ ಗೋಲ್ಡ್ ಸೀಲ್ ಎಂಬ ಒಂದು ಸಾಧಾರಣ ಫ್ಲೂಟ್‌ನಿಂದ.

ಮೊದಲು ಫ್ಲೂಟ್ ಪಕ್ಕಕ್ಕಿಡಿ. ತುಟಿಯನ್ನು ಊದುವ ಆಕಾರದಲ್ಲೇ ಇಟ್ಟುಕೊಂಡು 'ಊ' ಎಂದು ಗುನುಗಿ. ಅಂಗೈಯನ್ನು ಬಾಯಿಯ ಮುಂದೆ ಹಿಡಿದರೆ ಗಾಳಿ ಸಣ್ಣ ಧಾರೆಯಾಗಿ ತಾಗುತ್ತಿರಬೇಕು. ಬಹುಪಾಲು ಜನ ಎಡವುವುದು ಇಲ್ಲೇ. ಗುನುಗುವುದೆಂದರೆ ಬಾಯಿ ಮುಚ್ಚಿ 'ಮ್' ಅನ್ನುವುದು ಅಂದುಕೊಳ್ಳುತ್ತಾರೆ. ಆಗ ಗಾಳಿಯೆಲ್ಲ ಮೂಗಿನ ದಾರಿ ಹಿಡಿಯುತ್ತದೆ, ಫ್ಲೂಟ್‌ಗೆ ಏನೂ ಉಳಿಯುವುದಿಲ್ಲ.

ಇನ್ನು ಫ್ಲೂಟ್ ಎತ್ತಿಕೊಳ್ಳಿ. ಕೆಳಸ್ಥಾಯಿಯ ಎ, ಅಂದರೆ 440 ಹರ್ಟ್ಜ್, ಸ್ಥಿರವಾಗಿ ಊದಿ. ನಾದ ನಿಂತ ಮೇಲೆ ಒಂದು ಸ್ಥಾಯಿ ಕೆಳಗಿನ ಎ, 220, ಗಂಟಲಲ್ಲಿ ಸೇರಿಸಿ. ಗಂಡು ದನಿಗೆ ಇದು ಸಲೀಸು. ಆ ಕ್ಷಣ ಫ್ಲೂಟ್ ಸದ್ದು ನಿಂತುಹೋದರೆ ಗಾಬರಿ ಬೇಡ. ಧ್ವನಿತಂತುಗಳು ಅರ್ಧ ಮುಚ್ಚಿದ ಬಾಗಿಲಾಗಿ ಗಾಳಿಯನ್ನು ತಡೆಯುತ್ತವೆ, ಅದಕ್ಕೆ ಹೊಟ್ಟೆಯಿಂದ ಇನ್ನಷ್ಟು ಒತ್ತಡ ಕೊಡಬೇಕು. ಒತ್ತಡ ಹೆಚ್ಚಾದ ಕೂಡಲೇ ಶ್ರುತಿ ಮೇಲಕ್ಕೆ ಏರುತ್ತದೆ. ಅದನ್ನು ಇಳಿಸಲು ಗಾಳಿಯನ್ನು ತುಸು ಕೆಳಮುಖವಾಗಿ ತಿರುಗಿಸಿ, ಇಲ್ಲವೇ ಹೆಡ್‌ಜಾಯಿಂಟನ್ನು (ಊದುವ ರಂಧ್ರವಿರುವ ಭಾಗ) ಕೂದಲೆಳೆಯಷ್ಟು ಒಳಕ್ಕೆ ಹೊರಳಿಸಿ.

ಒರಟುತನ ಎಲ್ಲಿಂದ ಬಂತು ಅಂದರೆ, ಎರಡು ನಾದ ಒಂದೇ ಗಾಳಿಧಾರೆಯಲ್ಲಿ ಬೆರೆತಾಗ ಅವುಗಳ ವ್ಯತ್ಯಾಸದ ಮೂರನೇ ನಾದ ಹುಟ್ಟುತ್ತದೆ. ಫ್ಲೂಟ್ 440, ಗಂಟಲು 330 ಆದರೆ 110 ಹರ್ಟ್ಜ್‌ನ ಗುರುಗುಟ್ಟುವಿಕೆ ಅಡಿಯಲ್ಲಿ ಕೇಳಿಸುತ್ತದೆ. ಗಂಟಲು 220 ಬಿಟ್ಟು 215ಕ್ಕೆ ಜಾರಿದರೆ ಕಂಪನದ ಪೆಟ್ಟುಗಳು ಏಳುತ್ತವೆ. ಆಂಡರ್ಸನ್ ಬೇಕೆಂದೇ ಹೀಗೆ ಜಾರಿಸುತ್ತಾರೆ. ಮಾಧುರ್ಯ ಬೇಕಿದ್ದರೆ ಕರಾರುವಾಕ್ಕಾಗಿ ಹಿಡಿಯಿರಿ, ರಾಕ್ ಬೇಕಿದ್ದರೆ ಬಿಟ್ಟುಕೊಡಿ.

ದಿನಕ್ಕೆ ಐದೈದು ನಿಮಿಷದ ಎರಡು ಸರದಿ ಸಾಕು. ಗಂಟಲು ಕೆರೆಯತೊಡಗಿದರೆ ನಿಲ್ಲಿಸಿ.

ಗದುಗಿನ ಗಾಳಿ
ಎಲ್ಲಾ ಖರೆ ಅದ. ಆದ್ರ ಈ ಗುನುಗೂದು ಆಂಡರ್ಸನ್ನನ ಶೋಧ ಅಲ್ರೀ. ಜಾಝ್ ಒಳಗ ಸ್ಯಾಮ್ ಮೋಸ್ಟ್ 1950ರ ದಶಕದಾಗ ಮಾಡಿದ್ದ, ರೋಲಂಡ್ ಕರ್ಕ್ ಅದನ್ನ ಇನ್ನೂ ಎಬ್ಬಿಸಿ ಊದಿದ. ಟಲ್‌ನ ಮೊದಲನೇ ಆಲ್ಬಮ್ 'ದಿಸ್ ವಾಸ್' ತೆಗೆದು ನೋಡ್ರಿ, ಅದರಾಗ 'ಸೆರೆನೇಡ್ ಟು ಎ ಕಕೂ' ಅದ. ಅದು ಕರ್ಕನ ರಚನಾ. ಆಂಡರ್ಸನ್ ಫ್ಲೂಟ್ ಕಲಿಯೂ ಹೊತ್ತಿಗೆ ಕೈಗೆ ಹತ್ತಿದ ಮೊದಲನೇ ಸ್ವರಗಳ ಪೈಕಿ ಅವು ಸೈತ. ಕರ್ಕ್ ಊದಿದ್ದು ಮತ್ತ ಟಲ್ ಊದಿದ್ದು ಒಂದಾದ ಮ್ಯಾಲೊಂದು ಕೇಳ್ರಿ, ಯಾರ ಗುರು ಯಾರ ಶಿಷ್ಯ ಅಂತ ಹೇಳೂದು ಬ್ಯಾಡ.

ಕಪ್ಪುತಟ್ಟೆ
ಕಾಲಾನುಕ್ರಮ ಇಲ್ಲೇ ಇಟ್ಟುಬಿಡುತ್ತೇನೆ, ಮುಂದಿನ ಚರ್ಚೆಗೆ ಬೇಕಾಗುತ್ತದೆ.

ಹುಟ್ಟಿದ್ದು 1947ರ ಆಗಸ್ಟ್ 10, ಸ್ಕಾಟ್ಲೆಂಡಿನ ಡನ್‌ಫರ್ಮ್‌ಲಿನ್. ಬಾಲ್ಯ ಎಡಿನ್‌ಬರೋದಲ್ಲಿ, 1959ರಲ್ಲಿ ಮನೆಮಂದಿ ಇಂಗ್ಲೆಂಡಿನ ಬ್ಲ್ಯಾಕ್‌ಪೂಲ್‌ಗೆ ಬಂದರು. ಅಲ್ಲಿನ ಶಾಲೆಯಲ್ಲಿ ಜೆಫ್ರಿ ಹ್ಯಾಮಂಡ್, ಜಾನ್ ಎವನ್ ಜತೆ 1963ರ ಸುಮಾರಿಗೆ ದಿ ಬ್ಲೇಡ್ಸ್ ಎಂಬ ತಂಡ. 1967ರ ಕೊನೆಗೆ ಲಂಡನ್ನಿಗೆ ಹತ್ತಿರದ ಲೂಟನ್‌ಗೆ ವಲಸೆ. ತಂಡದ ಬಹುತೇಕರು ವಾಪಸ್ ಹೋದರು, ಆಂಡರ್ಸನ್ ಮತ್ತು ಬಾಸ್ ಗಿಟಾರಿನ ಗ್ಲೆನ್ ಕಾರ್ನಿಕ್ ಉಳಿದರು. ಗಿಟಾರಿಗೆ ಮಿಕ್ ಏಬ್ರಹಾಮ್ಸ್, ಡ್ರಮ್ಸಿಗೆ ಕ್ಲೈವ್ ಬಂಕರ್ ಸೇರಿದರು. ತಂಡದ ಹೆಸರು ಬಿತ್ತನೆ ಯಂತ್ರ ಮಾಡಿದ 18ನೇ ಶತಮಾನದ ಇಂಗ್ಲಿಷ್ ಕೃಷಿಕನದು. 1968ರ ಮೊದಲ ಸಿಂಗಲ್ ಮೇಲೆ ಅದನ್ನೂ ತಪ್ಪಾಗಿ 'ಜೆಥ್ರೋ ಟೋ' ಎಂದು ಅಚ್ಚು ಹಾಕಿದರು, ಈಗ ಆ ತಟ್ಟೆಗೇ ಹುಚ್ಚು ಬೆಲೆ.

ಫ್ಲೂಟ್ ಬಂದದ್ದು ಈ ಹೊತ್ತಿನಲ್ಲೇ. ಎರಿಕ್ ಕ್ಲ್ಯಾಪ್ಟನ್ ಮಟ್ಟಕ್ಕೆ ತಾನು ಗಿಟಾರ್ ನುಡಿಸಲಾರೆ ಎಂದು ಖಚಿತವಾದ ಮೇಲೆ ಆಂಡರ್ಸನ್ ತನ್ನ ಫೆಂಡರ್ ಸ್ಟ್ರಾಟೋಕ್ಯಾಸ್ಟರ್ ಅಂಗಡಿಗೆ ಕೊಟ್ಟು ಬದಲಿಗೆ ಫ್ಲೂಟನ್ನೂ ಒಂದು ಶ್ಯೂರ್ ಮೈಕನ್ನೂ ತಂದರು. ಒಂದೇ ವರ್ಷದೊಳಗೆ ಆಲ್ಬಮ್. 1968ರ ಡಿಸೆಂಬರಿನಲ್ಲಿ ಏಬ್ರಹಾಮ್ಸ್ ಹೊರಗೆ. ನಡುವೆ ಕೆಲವೇ ದಿನ ಬ್ಲ್ಯಾಕ್ ಸಬ್ಬತ್‌ನ ಗಿಟಾರಿಸ್ಟ್ ಟೋನಿ ಅಯೋಮಿ. ರೋಲಿಂಗ್ ಸ್ಟೋನ್ಸ್‌ನ ಸರ್ಕಸ್ ಚಿತ್ರೀಕರಣದಲ್ಲಿ ಅವರೇ ಕಾಣುವುದು. ಆಮೇಲೆ ಮಾರ್ಟಿನ್ ಬ್ಯಾರೆ ಬಂದು ನಾಲ್ಕು ದಶಕ ನಿಂತರು. ಬ್ಲೂಸ್ ತಂಡವಾಗಿದ್ದದ್ದು ಟಲ್ ಆದದ್ದು 1969ರ 'ಸ್ಟ್ಯಾಂಡ್ ಅಪ್'ನಿಂದ. ಬ್ರಿಟನ್ನಿನಲ್ಲಿ ಒಂದನೇ ಸ್ಥಾನ.

ರಂಧ್ರಾನ್ವೇಷಿ
ಬಹಳ ಉಪಯೋಗ ಆಯಿತು, ಎಲ್ಲರಿಗೂ ಧನ್ಯವಾದ. ಆಂಡರ್ಸನ್ 1990ರ ಸುಮಾರಿಗೆ ಫ್ಲೂಟನ್ನು ಮತ್ತೆ ಮೊದಲಿಂದ ಕಲಿತರು ಅಂತ ಓದಿದೆ. ಅಷ್ಟು ವರ್ಷ ಊದಿದವರಿಗೆ ಏನು ತಪ್ಪಿರಲು ಸಾಧ್ಯ?

ಮಂದ್ರಸ್ಥಾಯಿ
ಬೆರಳುಗಳು. ಮಗಳು ಶಾಲೆಯಲ್ಲಿ ಫ್ಲೂಟ್ ಪಾಠಕ್ಕೆ ಸೇರಿದಾಗ ಅವಳಿಗೆ ಹೇಳಿಕೊಟ್ಟ ಫಿಂಗರಿಂಗ್ ತನ್ನದಕ್ಕಿಂತ ಬೇರೆ ಎಂದು ಅಪ್ಪನಿಗೆ ಗೊತ್ತಾಯಿತು. ಆಮೇಲೆ ಪುಸ್ತಕ ಇಟ್ಟುಕೊಂಡು ತಿದ್ದಿಕೊಂಡರು. ಗುರುವಿಲ್ಲದೆ ಕಲಿತವರೆಲ್ಲರೂ ಹೆಚ್ಚುಕಡಿಮೆ ಒಂದೇ ಜಾಗದಲ್ಲಿ ತಪ್ಪುತ್ತಾರೆ, ಅದು ನಿಮ್ಮ 'ಬೂರೇ'ಯಲ್ಲೇ ಬಯಲಾಗುತ್ತದೆ. ಹಾಗಾಗಿ ಎರಡೂ ಪ್ರಶ್ನೆಗೆ ಒಟ್ಟಿಗೆ ಉತ್ತರ.

'ಬೂರೇ' ಬಾಕ್‌ನದು. ಲ್ಯೂಟ್ ಎಂಬ ತಂತಿವಾದ್ಯಕ್ಕೆ ಬರೆದ ಇ ಮೈನರ್ ಸ್ವೀಟ್ (ನೃತ್ಯಗಳ ಮಾಲೆ), ಬಾಕ್ ರಚನೆಗಳ ಪಟ್ಟಿಯಲ್ಲಿ ಬಿಡಬ್ಲ್ಯೂವಿ 996, ಅದರ ಐದನೇ ಭಾಗ. ಎತ್ತುಗಡೆ ಇ, ಎಫ್ ಶಾರ್ಪ್, ಆಮೇಲೆ ಜಿ ಮೇಲೆ ತಾಳದ ಪೆಟ್ಟು. ಎರಡು ಚಿಕ್ಕ ಸ್ವರ, ಒಂದು ಉದ್ದ ಸ್ವರ: ಇಡೀ ಹಾಡಿನ ನಡೆ ಇಷ್ಟೇ. ಕೆಳಸ್ಥಾಯಿಯ ಇ ಇಂದ ಹಿಡಿದರೆ ಎರಡನೇ ಪಟ್ಟಿ (ಬಾರ್) ದಾಟುವಷ್ಟರಲ್ಲಿ ಕೆಳಗಿನ ಬಿ ಬೇಕಾಗುತ್ತದೆ. ಸಿ ಫುಟ್ ಫ್ಲೂಟ್‌ನಲ್ಲಿ ಆ ಸ್ವರವೇ ಇಲ್ಲ. ಆದ್ದರಿಂದ ನಡುಸ್ಥಾಯಿಯ ಇ ಇಂದ ಹಿಡಿಯಿರಿ.

ಹಿಡಿದಿರಿ ಅನ್ನೋಣ. ಈಗ ಬಿ, ಸಿ ಶಾರ್ಪ್, ಡಿ ಶಾರ್ಪ್, ಇ ಎಂದು ಹತ್ತುವ ತುಣುಕು ಬರುತ್ತದೆ. ಸಿ ಶಾರ್ಪ್‌ಗೆ ಬಲಗಿರುಬೆರಳು ಒಂದನ್ನು ಬಿಟ್ಟು ಎಲ್ಲ ಬೆರಳೂ ಮೇಲೆ, ಫ್ಲೂಟ್ ಎಡ ತೋರುಬೆರಳ ಬುಡ, ಗಲ್ಲ, ಬಲ ಹೆಬ್ಬೆರಳು ಮತ್ತು ಆ ಕಿರುಬೆರಳ ಮೇಲೆ ತೂಗಿ ನಿಂತಿರುತ್ತದೆ. ಮರುಕ್ಷಣ ಡಿ ಶಾರ್ಪ್‌ಗೆ ಎಡಗೈ ತೋರುಬೆರಳು, ಕಿರುಬೆರಳು ಬಿಟ್ಟು ಮಿಕ್ಕದ್ದೆಲ್ಲ ಒಮ್ಮೆಗೇ ಕೆಳಕ್ಕೆ ಬೀಳಬೇಕು. ಆ ತೋರುಬೆರಳು ಎದ್ದೇ ಇರಬೇಕು. ಕೆಳಸ್ಥಾಯಿಯ ಅಭ್ಯಾಸದಲ್ಲಿ ಅದನ್ನೂ ಒತ್ತಿಬಿಡುತ್ತಾರೆ. ಸ್ವರ ಬರುತ್ತದೆ, ಆದರೆ ಮಬ್ಬಾಗಿ; ಉಸಿರು ತುಸು ಕಮ್ಮಿಯಾದರೆ ದಡಕ್ಕನೆ ಒಂದು ಸ್ಥಾಯಿ ಕೆಳಗೆ ಬೀಳುತ್ತದೆ. ಡಿ ಮತ್ತು ಡಿ ಶಾರ್ಪ್ ಎರಡಕ್ಕೂ ಇದೇ ನಿಯಮ, ಇ ಇಂದ ಮುಂದಕ್ಕೆ ತೋರುಬೆರಳು ಮತ್ತೆ ಕೆಳಕ್ಕೆ. ಬಲಗೈ ಕಿರುಬೆರಳು ಇ ಫ್ಲ್ಯಾಟ್ ಕೀ ಮೇಲೆ ಸದಾ ಒತ್ತಿರಬೇಕು, ಡಿಗೆ ಮಾತ್ರ ಎತ್ತಬೇಕು. ಎಫ್ ಶಾರ್ಪ್‌ಗೆ ಬಲಗೈಯ ಉಂಗುರಬೆರಳು, ನಡುಬೆರಳಲ್ಲ. ನಡುಬೆರಳಲ್ಲೂ ಬರುತ್ತದೆ, ಓಟದಲ್ಲಿ ಆಸೆಯೂ ಆಗುತ್ತದೆ, ಆದರೆ ಶ್ರುತಿ ಇಳಿದು ಬಣ್ಣ ಮಾಸುತ್ತದೆ.

ಅಭ್ಯಾಸ ಹೀಗೆ: ಸಿ ಶಾರ್ಪ್ ಮತ್ತು ಡಿ ಶಾರ್ಪ್ ಎರಡನ್ನೇ ಹಿಂದಕ್ಕೂ ಮುಂದಕ್ಕೂ, ಮೆಟ್ರೊನೋಮ್ 60ಕ್ಕೆ ಇಟ್ಟು. ನಡುವೆ ಬೇರೆ ಸ್ವರದ ತುಣುಕು ಕೇಳಿಸಿದರೆ ಯಾವುದೋ ಬೆರಳು ಹಿಂದೆ ಬಿದ್ದಿದೆ ಎಂದರ್ಥ. ಮೊದಲು ಬಾಕ್ ಬರೆದಂತೆ ನೆಟ್ಟಗೆ ನುಡಿಸಿ, ಆಮೇಲೆ ಚಿಕ್ಕ ಸ್ವರಗಳನ್ನು ಟಲ್ ರೀತಿ ಉದ್ದ-ಗಿಡ್ಡವಾಗಿ ತೂಗಿ. ಗುನುಗುವಿಕೆ ಕೊನೆಗೆ. ಮೊದಲೇ ಸೇರಿಸಿದರೆ ಬೆರಳಿನ ತಪ್ಪು ಗಂಟಲಿನ ಸದ್ದಿನಲ್ಲಿ ಮುಚ್ಚಿಹೋಗುತ್ತದೆ.

ಸಿಗರೇಟ್ ಕಾಗದ
ಗುರು, ಅದಕ್ಕೂ ಮೊದಲು ಫ್ಲೂಟ್ ಸರಿ ಇದೆಯಾ ನೋಡಿಕೊಳ್ಳಲಿ. ಶುಚಿ ಮಾಡುವ ಕಡ್ಡಿಯ ತುದಿಯಲ್ಲಿ ಒಂದು ಗೀಟು ಇರುತ್ತದೆ, ತುದಿಯಿಂದ ಸುಮಾರು 17 ಮಿಲಿಮೀಟರ್. ಕಡ್ಡಿಯನ್ನು ಹೆಡ್‌ಜಾಯಿಂಟ್ ಒಳಗೆ ಕಾರ್ಕಿಗೆ ತಾಗಿಸಿದರೆ ಆ ಗೀಟು ಊದುವ ರಂಧ್ರದ ನಟ್ಟನಡುವೆ ಕಾಣಬೇಕು. ಕಾಣದಿದ್ದರೆ ಕಾರ್ಕ್ ಸರಿದಿದೆ, ಸ್ಥಾಯಿಗಳು ಒಂದಕ್ಕೊಂದು ಕೂಡುವುದಿಲ್ಲ. ತುದಿಯ ಕಿರೀಟವನ್ನು ಸುಮ್ಮನೆ ತಿರುಗಿಸುತ್ತಾ ಆಟವಾಡುವವರ ಫ್ಲೂಟ್‌ಗಳಲ್ಲಿ ಇದೇ ರೋಗ.

ಎರಡನೆಯದು, ಗುನುಗುತ್ತಾ ಊದಿದರೆ ಎಂಜಲು ಹೆಚ್ಚು ಹೋಗುತ್ತದೆ. ಮಳೆಗಾಲದಲ್ಲಿ ಕೀಗಳಡಿಯ ಪ್ಯಾಡ್‌ಗಳು ಊದಿಕೊಂಡು ಅಂಟುತ್ತವೆ, ಕೀ ಎತ್ತಿದಾಗ 'ಪಚ್' ಎನ್ನುತ್ತದೆ. ಅಂಟು ಬಳಿಯದ ಸಿಗರೇಟ್ ಕಾಗದ ಪ್ಯಾಡಿನ ಕೆಳಗಿಟ್ಟು ಮೆಲ್ಲಗೆ ಒತ್ತಿ, ಕೀ ಎತ್ತಿದ ಮೇಲೆ ತೆಗೆಯಿರಿ. ಒತ್ತಿ ಹಿಡಿದು ಎಳೆದರೆ ಪ್ಯಾಡಿನ ಪೊರೆ ಹರಿಯುತ್ತದೆ. ಪೌಡರ್ ಹಾಕುವ ಸಲಹೆ ಯಾರಾದರೂ ಕೊಟ್ಟರೆ ಕೇಳಬೇಡಿ.

ಲಯಭಾರ
ಇಡೀ ಚರ್ಚೆ ಫ್ಲೂಟ್ ಸುತ್ತಲೇ ತಿರುಗುತ್ತಿದೆ. ನನ್ನ ತಕರಾರು ಅದೇ. ಆಂಡರ್ಸನ್ ಮೊದಲು ರಚನಕಾರ, ಆಮೇಲೆ ಫ್ಲೂಟ್. ಅವರ ಅತಿ ಪ್ರಸಿದ್ಧ ಹಾಡು 'ಆಕ್ವಾಲಂಗ್'ನಲ್ಲಿ ಫ್ಲೂಟ್ ಇಲ್ಲವೇ ಇಲ್ಲ. ಇನ್ನೊಮ್ಮೆ ಕೇಳಿ ನೋಡಿ, ಒಂದು ಸ್ವರವೂ ಇಲ್ಲ. ಸಾಲುಗಳ ಎಳೆ ಬಂದದ್ದು ಮೊದಲ ಹೆಂಡತಿ ಜೆನ್ನಿ ಫ್ರ್ಯಾಂಕ್ಸ್ ತೆಗೆದ ನಿರಾಶ್ರಿತರ ಫೋಟೋಗಳಿಂದ.

ಅದೇ 1971ರ ಆಲ್ಬಮ್ಮಿನ 'ಲೋಕೊಮೋಟಿವ್ ಬ್ರೆತ್' ಕಟ್ಟಿದ ಬಗೆ ನೋಡಿ. ತಂಡ ಒಟ್ಟಿಗೆ ನುಡಿಸಿದರೆ ನಡೆ ಕೂಡಿಬರಲಿಲ್ಲ. ಆಂಡರ್ಸನ್ ಒಬ್ಬರೇ ಹೋಗಿ ಬಾಸ್ ಡ್ರಮ್ ಮತ್ತು ಹೈಹ್ಯಾಟ್ ಬಾರಿಸಿ, ಅದರ ಮೇಲೆ ಅಕೂಸ್ಟಿಕ್ ಗಿಟಾರ್, ಕೆಲವು ಎಲೆಕ್ಟ್ರಿಕ್ ಗಿಟಾರ್ ಭಾಗ ಹಾಕಿದರು. ಉಳಿದವರು ಅದರ ಮೇಲೆ ತಂತಮ್ಮದನ್ನು ಸೇರಿಸಿದರು. ರೈಲಿನಂತೆ ಒಂದೇ ಸಮ ಓಡುವ ಆ ನಡೆ ಒಬ್ಬನ ಕೈಯದಾದ್ದರಿಂದಲೇ ಅಷ್ಟು ಬಿಗಿ. ಫ್ಲೂಟ್ ಅಲ್ಲಿ ಗಿಟಾರ್ ಸೋಲೋ ಜಾಗದಲ್ಲಿ ಬಂದು ಹೋಗುತ್ತದೆ, ಅಷ್ಟೇ.

ತಾಳಕ್ಕೆ 'ಲಿವಿಂಗ್ ಇನ್ ದ ಪಾಸ್ಟ್' ಕೇಳಿ. 1969ರ ಸಿಂಗಲ್, ಬ್ರಿಟನ್ನಿನಲ್ಲಿ ಮೂರನೇ ಸ್ಥಾನ, ಅದೂ ಐದರ ತಾಳದಲ್ಲಿ. ನಮ್ಮ ಕಿವಿಗೆ ಖಂಡ ಚಾಪು ಅನ್ನಿಸುತ್ತದೆ, ಆದರೆ ಚಾಪಿನ ಹಾಗೆ 'ತಕ ತಕಿಟ' ಎಂದು ಎಣಿಸಿದರೆ ತಪ್ಪುತ್ತೀರಿ. ಬಾಸ್ ನಡೆ ಮೂರು-ಎರಡು, ಅಂದರೆ 'ತಕಿಟ ತಕ'.

ಮಂದ್ರಸ್ಥಾಯಿ
ಲಯಭಾರ ಸರ್, ನೀವು ಹೇಳಿದ್ದೇ ಫ್ಲೂಟ್ ಪರವಾದ ವಾದ. ಗಿಟಾರ್ ಜಾಗದಲ್ಲಿ ಫ್ಲೂಟ್ ನಿಲ್ಲಬೇಕಾಗಿ ಬಂದದ್ದರಿಂದಲೇ ಆ ಗುನುಗು, ಆ ಒರಟು ನಾಲಿಗೆ, 'ರ್ರ್' ಹೊರಳಿಸುವುದು ಎಲ್ಲ ಬಂದದ್ದು. ಶಾಲೆಯ ಫ್ಲೂಟ್ ನಾದದಿಂದ ಮಾರ್ಟಿನ್ ಬ್ಯಾರೆಯ ಗಿಟಾರ್ ಪಕ್ಕ ನಿಲ್ಲಲು ಆಗುತ್ತಿರಲಿಲ್ಲ. ರಚನೆ ಮತ್ತು ವಾದನವನ್ನು ಬೇರೆ ಬೇರೆ ಗಂಟು ಕಟ್ಟಬೇಡಿ.

ಲಯಭಾರ
ಒಪ್ಪಿದೆ, 1971ರ ತನಕ. ಆಮೇಲೆ?

ಕಪ್ಪುತಟ್ಟೆ
ಆಮೇಲೆ 'ಥಿಕ್ ಆಸ್ ಎ ಬ್ರಿಕ್'. 'ಆಕ್ವಾಲಂಗ್' ಒಂದು ಕಾನ್ಸೆಪ್ಟ್ ಆಲ್ಬಮ್, ಅಂದರೆ ಹಾಡುಗಳೆಲ್ಲ ಒಂದೇ ವಿಷಯದ ಸುತ್ತ ಹೆಣೆದದ್ದು, ಎಂದು ವಿಮರ್ಶಕರು ಪಟ್ಟು ಹಿಡಿದರು, ಆಂಡರ್ಸನ್ ಅಲ್ಲ ಎಂದರು. ಹಾಗಾದರೆ ನಿಜವಾದದ್ದನ್ನೇ ತಗೊಳ್ಳಿ ಎಂದು, ಅಣಕವಾಗಿ, ಇಡೀ ಆಲ್ಬಮ್ಮನ್ನು ಒಂದೇ ಹಾಡು ಮಾಡಿದರು. 1971ರ ಡಿಸೆಂಬರಿನಲ್ಲಿ ಲಂಡನ್ನಿನ ಮಾರ್ಗನ್ ಸ್ಟುಡಿಯೋದಲ್ಲಿ ರೆಕಾರ್ಡಿಂಗ್, 1972ರ ಮಾರ್ಚಿನಲ್ಲಿ ಬಿಡುಗಡೆ, ಸುಮಾರು 44 ನಿಮಿಷ. ಹೊದಿಕೆ 12 ಪುಟದ ಹುಸಿ ಊರಪತ್ರಿಕೆ. ಕವಿತೆ ಬರೆದವನು ಜೆರಾಲ್ಡ್ ಬಾಸ್ಟಾಕ್ ಎಂಬ ಎಂಟು ವರ್ಷದ ಹುಡುಗ ಎಂಬ ಕಟ್ಟುಕಥೆ. ಅಮೆರಿಕದಲ್ಲಿ ಒಂದನೇ ಸ್ಥಾನ.

ಎಲ್‌ಪಿ ಒಂದು ಬದಿಗೆ 22 ನಿಮಿಷದ ಮೇಲೆ ಹೋದರೆ ಗೀರುಗಳು ಒತ್ತೊತ್ತಾಗಿ ಬಿದ್ದು ಸದ್ದಿನ ಮಟ್ಟ ಇಳಿಸಬೇಕಾಗುತ್ತದೆ. ಆದ್ದರಿಂದ ಹಾಡನ್ನು ನಡುವೆ ಮುರಿಯಲೇಬೇಕಿತ್ತು. ಮೊದಲ ಬದಿಯ ಕೊನೆಯಲ್ಲಿ ಮಸುಕಾಗಿ ಹೋಗಿ ಎರಡನೇ ಬದಿಯಲ್ಲಿ ಗಾಳಿಸದ್ದಿನೊಂದಿಗೆ ಮೇಲೇಳುವುದು ಅದಕ್ಕೇ. ಸಿಡಿಯಲ್ಲಿ ಕೇಳಿದವರಿಗೆ ಆ ತೂತು ಯಾಕೆ ಅನ್ನಿಸಿದ್ದರೆ ಕಾರಣ ಇದು. ಸ್ಟೀವನ್ ವಿಲ್ಸನ್ ಮಾಡಿದ 2012ರ ರೀಮಿಕ್ಸ್ ತಗೊಳ್ಳಿ, ಫ್ಲೂಟ್ ಮತ್ತು ಜಾನ್ ಎವನ್‌ರ ಆರ್ಗನ್ ಬಿಡಿಬಿಡಿಯಾಗಿ ಕೇಳುತ್ತವೆ. 'ಆಕ್ವಾಲಂಗ್'ಗೂ 2011ರದೇ ಒಳ್ಳೆಯದು. ಹಳೆಯ ಮಿಕ್ಸ್ ಕಂಬಳಿ ಹೊದ್ದಂತಿದೆ.

ಗದುಗಿನ ಗಾಳಿ
1973ರ 'ಎ ಪ್ಯಾಶನ್ ಪ್ಲೇ' ಬಗ್ಗೆ ಯಾರೂ ಮಾತಾಡವಲ್ಲರಿ! ಫ್ರಾನ್ಸಿನ ಸ್ಟುಡಿಯೋದಾಗ ಮಾಡಿದ ರೆಕಾರ್ಡಿಂಗ್ ಪೂರಾ ಬಿಟ್ಟುಕೊಟ್ಟು ಇಂಗ್ಲೆಂಡಿಗೆ ಬಂದು ಹೊಸಾದಾಗಿ ಬರದದ್ದು ಅದು. ವಿಮರ್ಶಕರು ಹರದು ಹಾಕಿದ್ರು, ಮಂದಿ ಮಾತ್ರ ಕೊಂಡು ಅಮೆರಿಕದಾಗ ಒಂದನೇ ನಂಬರ್ ಮಾಡಿದ್ರು. ಅದರಾಗ ಆಂಡರ್ಸನ್ ಸೊಪ್ರಾನೋ ಸ್ಯಾಕ್ಸೋಫೋನ್ ಭಾಳ ಊದ್ಯಾನ. ಫ್ಲೂಟ್‌ದ ಉಸಿರೇ ಬ್ಯಾರೆ, ಸ್ಯಾಕ್ಸ್‌ನ ರೀಡೇ ಬ್ಯಾರೆ. ನನ್ನ ಕಿವಿಗೆ ಆ ಆಲ್ಬಮ್ಮಿನ ದೋಷ ಅಂದ್ರ ಅದೊಂದ.

ಲಯಭಾರ
ಒಂದೇ ಅಲ್ಲ, ನಡುವಿನ ಮೊಲದ ಕಥೆಯೂ ಇದೆ. ಅದನ್ನು ಬಿಟ್ಟರೆ ಅವರ ಅತಿ ಕ್ಲಿಷ್ಟ ಬರವಣಿಗೆ ಇದೇ, ಬ್ಯಾರಿಮೋರ್ ಬಾರ್ಲೋ ಡ್ರಮ್ಸ್ ಪಾಠಕ್ಕೆ ಇಡುವಂತಿದೆ. 1977ರ 'ಸಾಂಗ್ಸ್ ಫ್ರಮ್ ದ ವುಡ್', 1978ರ 'ಹೆವಿ ಹಾರ್ಸಸ್' ಹೊತ್ತಿಗೆ ಹಳ್ಳಿ, ಕಾಡು, ಕುದುರೆ ಬಂದವು, ಹಾಡುಗಳು ಗಿಡ್ಡವಾದವು. ಆಂಡರ್ಸನ್ ಸ್ಕೈ ದ್ವೀಪದಲ್ಲಿ ಎಸ್ಟೇಟ್ ಕೊಂಡು ಸಾಲ್ಮನ್ ಮೀನು ಸಾಕಣೆಗೆ ಇಳಿದದ್ದೂ ಇದೇ ಸುಮಾರು. ಅದು ಶೋಕಿಯಲ್ಲ, ದೊಡ್ಡ ವ್ಯವಹಾರವಾಗಿಯೇ ನಡೆಯಿತು.

ರಂಧ್ರಾನ್ವೇಷಿ
ಮೆಟಲ್ ತಂಡ ಮೆಟಾಲಿಕಾವನ್ನು ಸೋಲಿಸಿ ಟಲ್ ಪಡೆದ ಗ್ರ್ಯಾಮಿ?

ಕಪ್ಪುತಟ್ಟೆ
1989. 'ಕ್ರೆಸ್ಟ್ ಆಫ್ ಎ ನೇವ್' ಆಲ್ಬಮ್ಮಿಗೆ, ಹಾರ್ಡ್ ರಾಕ್ ಮತ್ತು ಮೆಟಲ್ ಸೇರಿಸಿ ಹೊಸದಾಗಿ ಮಾಡಿದ ವಿಭಾಗದಲ್ಲಿ. ಗೆಲ್ಲುವುದಿಲ್ಲ ಎಂದು ತಂಡದವರು ಹೋಗಿಯೂ ಇರಲಿಲ್ಲ. 1992ರಲ್ಲಿ ಮೆಟಾಲಿಕಾ ಗೆದ್ದಾಗ ಅದರ ಡ್ರಮ್ಮರ್ ಲಾರ್ಸ್ ಉಲ್ರಿಚ್, ಈ ವರ್ಷ ಆಲ್ಬಮ್ ತರದ ಜೆಥ್ರೋ ಟಲ್‌ಗೆ ಧನ್ಯವಾದ ಎಂದ. ತಮಾಷೆ ಏನೆಂದರೆ 1991ರಲ್ಲಿ 'ಕ್ಯಾಟ್‌ಫಿಶ್ ರೈಸಿಂಗ್' ಬಂದಿತ್ತು.

ಮಂದ್ರಸ್ಥಾಯಿ
ಫ್ಲೂಟ್ ದೃಷ್ಟಿಯಿಂದ ಆ ದಶಕದ ದೊಡ್ಡ ಸಂಗತಿ ಗ್ರ್ಯಾಮಿಯಲ್ಲ, ಗಂಟಲು. 1984ರ 'ಅಂಡರ್ ರ್ಯಾಪ್ಸ್' ಪ್ರವಾಸದಲ್ಲಿ ಗಂಟಲು ಕೆಟ್ಟಿತು, ಹಾಡಿನ ಮೇಲುಸ್ಥಾಯಿ ಮತ್ತೆ ಮೊದಲಿನಂತೆ ಬರಲಿಲ್ಲ. ಹಾಡುವ ದನಿ ಕುಗ್ಗಿದಷ್ಟೂ ಫ್ಲೂಟ್ ಮೇಲೆ ಭಾರ ಹೆಚ್ಚಿತು. ಬೆರಳು ತಿದ್ದಿಕೊಂಡ ಮೇಲೆ 1995ರಲ್ಲಿ ಬಂದ 'ಡಿವಿನಿಟೀಸ್' ಪೂರ್ತಿ ವಾದ್ಯಸಂಗೀತ, 12 ರಚನೆ, ಮಾತಿಲ್ಲ. 1969ರ 'ಬೂರೇ' ಕೇಳಿ, ಆಮೇಲೆ ಇದನ್ನು ಕೇಳಿ. ಮೇಲುಸ್ಥಾಯಿಯ ಸ್ವರಗಳು ನೆಟ್ಟಗೆ ನಿಲ್ಲುತ್ತವೆ, ಉಸಿರಿನ ಸೀಟಿ ಕಮ್ಮಿ. ಲಯಭಾರ ಅವರಿಗೆ ಬೇಕಾದ ರಚನಕಾರ ಮತ್ತು ನನಗೆ ಬೇಕಾದ ಫ್ಲೂಟ್ ಎರಡೂ ಒಂದೇ ತಟ್ಟೆಯಲ್ಲಿ ಸಿಗುವುದು ಇಲ್ಲೇ.

2008ರಲ್ಲಿ ಅನೌಷ್ಕಾ ಶಂಕರ್ ಜತೆ ಭಾರತಕ್ಕೆ ಬಂದಿದ್ದರು, ಮುಂಬೈ ದಾಳಿಯ ಸಂತ್ರಸ್ತರ ನೆರವಿಗೂ ಒಂದು ಕಾರ್ಯಕ್ರಮ ಕೊಟ್ಟರು. 2011ರ ಏಪ್ರಿಲ್‌ನಲ್ಲಿ ಗಗಾರಿನ್ ಹಾರಾಟದ 50ನೇ ವರ್ಷಕ್ಕೆ, ಬಾಹ್ಯಾಕಾಶ ನಿಲ್ದಾಣದಲ್ಲಿದ್ದ ಗಗನಯಾತ್ರಿ ಕ್ಯಾಡಿ ಕೋಲ್‌ಮನ್ ಮೇಲಿಂದ, ಇವರು ಕೆಳಗಿಂದ ನುಡಿಸಿದ ಜುಗಲ್‌ಬಂದಿ ವಿಡಿಯೋ ಇದೆ. ಅದೂ 'ಬೂರೇ'ಯೇ.

ರಂಧ್ರಾನ್ವೇಷಿ
ಕೊನೆಯದಾಗಿ, ಮೈಕ್ ಇಟ್ಟು ಊದಿದರೆ ಬರೀ 'ಭುಸ್' ಸದ್ದು ಬರುತ್ತದೆ. ಏನು ಮಾಡಬೇಕು?

ಸಿಗರೇಟ್ ಕಾಗದ
ಮೈಕ್ ಗಾಳಿಯ ದಾರಿಯಲ್ಲಿದೆ. ಊದಿದ ಗಾಳಿಯ ಅರ್ಧ ರಂಧ್ರ ದಾಟಿ ನೇರ ಮುಂದಕ್ಕೆ ಹೋಗುತ್ತದೆ. ಮೈಕನ್ನು ತುಟಿಯ ಮಟ್ಟಕ್ಕಿಂತ ತುಸು ಮೇಲೆ, ಐದಾರು ಸೆಂಟಿಮೀಟರ್ ದೂರ, ಮೂತಿ ರಂಧ್ರದ ಕಡೆಗೆ ಕೆಳಮುಖವಾಗಿ ಇಡಿ. ಎಸ್‌ಎಂ58 ತರಹದ ಡೈನಾಮಿಕ್ ಮೈಕೇ ಸಾಕು, ಸ್ಪಂಜಿನ ಟೋಪಿ ಹಾಕಿ. ಹತ್ತಿರ ಹೋದಷ್ಟೂ ತಗ್ಗಿನ ಸದ್ದು ಉಬ್ಬುತ್ತದೆ, ಗುನುಗಿಗೆ ಅದು ಲಾಭ, ಆದರೆ 100 ಹರ್ಟ್ಜ್ ಕೆಳಗಿನದನ್ನು ಮಿಕ್ಸರಿನಲ್ಲಿ ಕತ್ತರಿಸಿಬಿಡಿ. ನೆಲದ ಮಾನಿಟರ್ ಮೈಕಿನ ಹಿಂಬದಿಗೆ ಇರಲಿ, ಇಲ್ಲದಿದ್ದರೆ ಮೇಲುಸ್ಥಾಯಿ ಬಂದ ಕೂಡಲೇ ಕಿರುಚುತ್ತದೆ.

ಮಂದ್ರಸ್ಥಾಯಿ
ಎಕೋ ಬೇಕಿದ್ದರೆ 1978ರ 'ಬರ್ಸ್ಟಿಂಗ್ ಔಟ್' ಲೈವ್ ಆಲ್ಬಮ್ಮಿನ ಫ್ಲೂಟ್ ಸೋಲೋ ಕೇಳಿ. ಒಂದು ತುಣುಕು ಊದಿ, ಅದು ಮರಳಿ ಬರುವ ಹೊತ್ತಿಗೆ ಅದರ ಮೇಲೆ ಇನ್ನೊಂದು ಊದುತ್ತಾರೆ. ಡಿಲೇಯನ್ನು (ಮರುದನಿ ಬರುವ ಅಂತರ) 350ರಿಂದ 400 ಮಿಲಿಸೆಕೆಂಡಿಗೆ ಇಟ್ಟು ಎರಡು ಮೂರು ಮರುದನಿ ಮಾತ್ರ ಬಿಡಿ. ಹೆಚ್ಚಾದರೆ ಸ್ವರ ಬದಲಿಸಿದಾಗ ಹಳೆಯದು ಅಪಸ್ವರವಾಗಿ ಉಳಿಯುತ್ತದೆ.

ಇನ್ನೊಂದು ವಿಷಯ. 2020ರಲ್ಲಿ ತನಗೆ ಸಿಒಪಿಡಿ ಎಂಬ ಶ್ವಾಸಕೋಶದ ತೊಂದರೆ ಇದೆಯೆಂದು ಆಂಡರ್ಸನ್ ಹೇಳಿಕೊಂಡರು, ವೇದಿಕೆಯ ಹೊಗೆಯಂತ್ರಗಳನ್ನೂ ದೂರಿದರು. ಆಮೇಲೂ 2022ರಲ್ಲಿ 'ದ ಝೆಲಟ್ ಜೀನ್', 2023ರಲ್ಲಿ 'ರೋಕ್‌ಫ್ಲೋಟೆ', 2025ರಲ್ಲಿ 'ಕ್ಯೂರಿಯಸ್ ರೂಮಿನಂಟ್' ಆಲ್ಬಮ್‌ಗಳು ಬಂದವು. ಇವುಗಳಲ್ಲಿ ಉದ್ದುದ್ದ ಸಾಲುಗಳಿಗಿಂತ ಗಿಡ್ಡ ತುಣುಕುಗಳೇ ಹೆಚ್ಚು ಎಂದು ನನ್ನ ಕಿವಿಗೆ ಅನ್ನಿಸುತ್ತದೆ. ನಿಮ್ಮ ಹಂತಕ್ಕೆ ಉಸಿರು ಎಲ್ಲಿ ಒಡೆಯಬೇಕು ಎಂದು ಕಲಿಯಲು ಇವೇ ಅನುಕೂಲ. ಒಂದು ಹಾಡು ಹಿಡಿದು, ಅವರು ಉಸಿರೆಳೆದ ಕಡೆಯೆಲ್ಲ ಹಾಳೆಯ ಮೇಲೆ ಗುರುತು ಹಾಕಿಕೊಂಡು ಹೋಗಿ. ಎರಡು ಪಟ್ಟಿಗೊಮ್ಮೆ ಸಾಲದಿದ್ದರೆ ಒಂದಕ್ಕೊಮ್ಮೆ ತಗೊಳ್ಳಿ, ಆದರೆ ಉದ್ದ ಸ್ವರದ ಬಾಲ ಕತ್ತರಿಸಿ ತಗೊಳ್ಳಿ, ಮುಂದಿನ ಪೆಟ್ಟು ತಡ ಮಾಡಿ ಅಲ್ಲ.